ಮನೆಯ ಹುಡುಗ

ಸಿನಿಮಾ ನೋಡಿ ಮಕ್ಕಳು ಕೆಡುತ್ತಾರೆ ಎನ್ನುವ ಮಾತನ್ನು ಬೇಕಾದಷ್ಟು ಕೇಳಿದ್ದೇನೆ. ನಮ್ಮ ಮನೆಯಲ್ಲಿ ಸಿನಿಮಾ ನೋಡಿ ಕೆಟ್ಟವರು ಅಪ್ಪ. ಕುಡಿತವಿಲ್ಲ, ಇಸ್ಪೀಟಿಲ್ಲ, ಎಲೆಯಡಿಕೆ ಕೂಡ ಹಬ್ಬಕ್ಕೊಮ್ಮೆ. ಇದ್ದದ್ದು ಇದೊಂದೇ ಚಟ. ಭಾನುವಾರ ರೊಟ್ಟಿ, ಎಣ್ಣೆಗಾಯಿ, ಮೊಸರನ್ನದ ಊಟ ಮುಗಿದು ಅವ್ವ ನೆಲ ಒರೆಸುವಷ್ಟರಲ್ಲಿ ಅಪ್ಪ ಚಪ್ಪಲಿ ಮೆಟ್ಟಿಕೊಂಡು ಹೋಗಿ ಮೂಲೆಯ ಸಿಡಿ ಲೈಬ್ರರಿಯಿಂದ ಒಂದು ಸಿನಿಮಾ ತಂದಿರುತ್ತಿದ್ದರು. ಅಂಗಡಿಯ ಮುದುಕನಿಗೆ ಅಪ್ಪನ ರುಚಿ ಗೊತ್ತಿತ್ತು. ಹಿಂದಿಯದೋ, ಹಿಂದಿಗೆ ಡಬ್ ಆದ ಇಂಗ್ಲಿಷಿನದೋ, ಕಥೆ ಮಾತ್ರ ಒಂದೇ. ಹದಿನಾರು ಹದಿನೇಳರ ಹುಡುಗಿ, ಅವಳಿಗೆ ಗಂಟುಬಿದ್ದ ಒಬ್ಬ ಹುಡುಗ, ಮೊದಲು ಅವನ ನಗು, ಆಮೇಲೆ ಅವನ ಹುಚ್ಚು, ಕೊನೆಗೆ ಮಗಳನ್ನು ಉಳಿಸಲು ಹೊರಟ ಅಪ್ಪ. ಆ ಕೊನೆಯ ಅಪ್ಪನಿಗಾಗಿಯೇ ನಮ್ಮಪ್ಪ ಇವನ್ನೆಲ್ಲ ನೋಡುತ್ತಿದ್ದರೇನೋ ಎಂದು ಈಗ ಅನಿಸುತ್ತದೆ. ಬ್ಯಾಂಕಿನ ಕೌಂಟರಿನ ಹಿಂದೆ ಕೂತವನಿಗೆ ಯಾರನ್ನಾದರೂ ಉಳಿಸುವ ಅವಕಾಶ ಎಲ್ಲಿ ಸಿಗುತ್ತದೆ?

ಆಗ ನಾವು ನಾಸಿಕದಲ್ಲಿದ್ದೆವು. ಅಪ್ಪ ಗದಗಿನಿಂದ ವರ್ಗವಾಗಿ ಬಂದು, ಗಂಗಾಪುರ ರಸ್ತೆಯ ಒಳಗಿನ ಕಾಲೋನಿಯೊಂದರಲ್ಲಿ ಎರಡನೇ ಮಹಡಿಯ ಮನೆ ಹಿಡಿದಿದ್ದರು. ಹೊರಕೋಣೆ, ಒಳಕೋಣೆ, ಅಡುಗೆಮನೆ, ಬಟ್ಟೆ ಒಣಗಿಸಲು ಒಂದು ಗ್ಯಾಲರಿ. ಬ್ಯಾಂಕಿನಲ್ಲಿ ಸಹಿ ಹೋಲಿಸಿ ನೋಡುವುದು ಅವರ ಕೆಲಸವಾಗಿತ್ತು. ತಮ್ಮ ಕಣ್ಣಿಗೆ ಖೊಟ್ಟಿ ಸಹಿ ತಪ್ಪಿಸಿಕೊಳ್ಳುವುದಿಲ್ಲ ಎಂಬ ಜಂಬವೂ ಇತ್ತು. ಪರಿಚಯದ ಗಿರಾಕಿ ಬಂದರೆ ಮಾತ್ರ ಸಹಿಯ ಕಾರ್ಡನ್ನು ತೆಗೆಯುವುದೇ ಇಲ್ಲ ಎಂದು ಅವರೇ ನಗುತ್ತಾ ಹೇಳಿಕೊಳ್ಳುತ್ತಿದ್ದರು. ಸಿನಿಮಾವನ್ನೂ ಅವರು ಆ ಜಂಬದಿಂದಲೇ ನೋಡುತ್ತಿದ್ದರು. ರಿಮೋಟು ಕೈಯಲ್ಲೇ ಇರುತ್ತಿತ್ತು. ಬೇಕೆಂದಲ್ಲಿ ನಿಲ್ಲಿಸಿ, ತೆರೆಯ ಮೇಲಿನ ಅಪ್ಪ ಎಲ್ಲಿ ಎಡವಿದ ಎಂದು ನಮಗೆ ಪಾಠ ಹೇಳುತ್ತಿದ್ದರು. ಸೋಮವಾರ ಆ ಪಾಠ ಮನೆಯ ಕಾಯಿದೆಯಾಗುತ್ತಿತ್ತು. ಒಂದರಲ್ಲಿ ಹುಡುಗ ಪೈಪು ಹಿಡಿದು ಮೇಲೆ ಹತ್ತಿದ. ನಮ್ಮ ಗ್ಯಾಲರಿಗೆ ಕಬ್ಬಿಣದ ಜಾಳಿ ಬಂತು. ಇನ್ನೊಂದರಲ್ಲಿ ಹುಡುಗಿ ಕೋಣೆಯ ಬಾಗಿಲು ಹಾಕಿಕೊಂಡು ಫೋನಿನಲ್ಲಿ ಮಾತಾಡಿದಳು. ನಮ್ಮ ಫೋನು ಒಳಕೋಣೆಯಿಂದ ಎದ್ದು ಟಿವಿಯ ಪಕ್ಕ ಕೂತಿತು. ಮತ್ತೊಂದರಲ್ಲಿ ಗೆಳತಿಯ ಅಣ್ಣನೇ ಹುಚ್ಚನಾಗಿದ್ದ. ಅಣ್ಣಂದಿರಿದ್ದ ಗೆಳತಿಯರ ಮನೆಗಳೆಲ್ಲ ನನಗೆ ಬಂದ್ ಆದವು. ನಾನಾಗ ಎಂಟನೆಯ ಇಯತ್ತೆ. ಒಬ್ಬ ಹುಡುಗನ ಹೆಸರನ್ನು ನೆಟ್ಟಗೆ ನೆನಪಿಟ್ಟುಕೊಳ್ಳುವ ಮೊದಲೇ ಊರಿನ ಹುಡುಗರೆಲ್ಲ ನನ್ನ ಸಲುವಾಗಿ ಅಪರಾಧಿಗಳಾಗಿದ್ದರು.

ಇಷ್ಟೆಲ್ಲ ಕಾಯಿದೆ ಮಾಡಿದ ಮೇಲೆ ಕಾಯಲು ಒಬ್ಬರು ಬೇಕಲ್ಲ. ಗಿರೀಶ ಮಾಮಾ ಇದ್ದ. ಅವ್ವನ ಕೊನೆಯ ತಮ್ಮ, ನನಗಿಂತ ಆರು ವರ್ಷ ದೊಡ್ಡವನು. ಐಟಿಐ ಮುಗಿಸಿ ಸಾತಪುರದ ಒಂದು ಕಾರ್ಖಾನೆಯಲ್ಲಿ ಪಾಳಿಯ ಕೆಲಸಕ್ಕೆ ಸೇರಿ ನಮ್ಮ ಮನೆಯ ಹೊರಕೋಣೆಯಲ್ಲಿ ಹಾಸಿಗೆ ಹಾಕಿದ್ದ. ಅವನನ್ನು ಬಹುವಚನದಲ್ಲಿ ಮಾತಾಡಿಸಬೇಕೆಂದು ಅವ್ವನ ಅಪ್ಪಣೆಯಾಗಿತ್ತು. ಇಲ್ಲಿ ಏಕವಚನದಲ್ಲಿ ಬರೆಯುತ್ತಿರುವುದು ನನ್ನ ಖುಷಿ. ನನ್ನನ್ನು ತೊಟ್ಟಿಲಿಗೆ ಹಾಕಿದ ದಿನ ಮನೆಯ ಹಿರಿಯರೆಲ್ಲ ಸೇರಿ ಆರು ವರ್ಷದ ಅವನ ತೊಡೆಯ ಮೇಲೆ ನನ್ನನ್ನು ಮಲಗಿಸಿ, 'ನಿನ್ನ ಹೆಂಡ್ತೀನ್ನ ಬೀಳಿಸಬ್ಯಾಡೋ' ಎಂದು ನಕ್ಕಿದ್ದರಂತೆ. ಅದರ ಫೋಟೋ ಇತ್ತು. ನಮ್ಮ ಕಡೆ ಅಕ್ಕನ ಮಗಳನ್ನು ತಮ್ಮನಿಗೆ ಕೊಡುವುದು ಹೊಸದೇನಲ್ಲ. ಆ ಪದ್ಧತಿ ಸರಿಯೋ ತಪ್ಪೋ ಎಂಬ ವಾದವನ್ನು ಇಲ್ಲಿ ಎತ್ತುವುದಿಲ್ಲ. ಅಪ್ಪನ ಕಡೆಯ ಅಜ್ಜ ಅಜ್ಜಿಯೇ ಹಾಗೆ ಮದುವೆಯಾಗಿ ಚೆನ್ನಾಗಿ ಬಾಳಿದವರು. ನನ್ನ ಸಿಟ್ಟು ಇರುವುದು, ಕಣ್ಣು ಬಿಡದ ಕೂಸನ್ನು ಕೊಟ್ಟುಬಿಟ್ಟು ಆಮೇಲೆ ಹದಿನೈದು ವರ್ಷ ಒಮ್ಮೆಯೂ ಕೇಳಲಿಲ್ಲವಲ್ಲ, ಅದಕ್ಕೆ. ಹಬ್ಬಕ್ಕೆ ಬಂದವರು ಅವನನ್ನು ಕಂಡು 'ನಿನ್ನ ಗಂಡ ಬಂದ ನೋಡ' ಎಂದು ನನ್ನ ಗಲ್ಲ ಹಿಂಡುತ್ತಿದ್ದರು. ನಾನು ಓಡಿಹೋದರೆ ನಾಚಿಕೆ ಎಂದುಕೊಳ್ಳುತ್ತಿದ್ದರು.

ನಾನು ಒಂಬತ್ತನೆಯದಕ್ಕೆ ಬಂದಾಗ ಮನೆಗೆ ಮಾತಿಲ್ಲದ ಫೋನುಗಳು ಬರತೊಡಗಿದವು. ಎತ್ತಿದರೆ ಉಸಿರು ಕೇಳುತ್ತಿತ್ತು, ಆಮೇಲೆ ಕಟ್. ಅಪ್ಪನಿಗೆ ಅದೊಂದು ಹಬ್ಬವಾಯಿತು. ಯಾವ ಹೊತ್ತಿಗೆ ಬರುತ್ತವೆ, ಯಾರು ಎತ್ತಿದರೆ ಏನಾಗುತ್ತದೆ ಎಂದು ವಿಚಾರ ಮಾಡಿ, ಕೊನೆಗೆ ಒಂದು ಸಂಗತಿಯನ್ನು ಕಂಡುಹಿಡಿದರು. ಗಿರೀಶ ಮನೆಯಲ್ಲಿದ್ದಾಗ ಆ ಫೋನು ಬರುವುದೇ ಇಲ್ಲ.

"ನೋಡ್ರಿ, ಗಂಡಸಿನ ದನಿ ಅಂದ್ರ ಹೆಂಗ ಹೆದರ್ತಾನ ಮಗಾ. ಗಿರೀಶ ಇದ್ದಾನಂತ ಬಚಾವ್ ಅದೀವಿ."

ಸಹಿ ಹೋಲಿಸುವ ಕಣ್ಣು ಇಷ್ಟನ್ನು ಕಂಡಿತು, ಇದರಾಚೆಗೆ ಹೋಗಲಿಲ್ಲ. ಫೋನು ಮಾಡುತ್ತಿದ್ದವನು ಯಾರೆಂದು ನನಗೆ ಗೊತ್ತಾಗಿದ್ದು ಅವನ ಬಾಯಿಂದಲೇ. ಟ್ಯೂಷನ್ನಿಗೆ ಬಿಡಲು ಬೈಕಿನಲ್ಲಿ ಕರೆದುಕೊಂಡು ಹೋಗುವಾಗ, ತಲೆ ಹಿಂದೆ ತಿರುಗಿಸದೆ ಕೇಳಿದ.

"ನಿನ್ನೆ ನಾಕೂ ಇಪ್ಪತ್ತರಿಂದ ನಾಕೂ ನಲವತ್ತರ ತನಕ ಫೋನ್ ಬಿಝಿ ಇತ್ತು. ಯಾರ ಕೂಡ ಮಾತಾಡ್ಲಿಕ್ಕೆ ಹತ್ತಿದ್ದಿ?"

"ಮುಗ್ಧಾನ ಕೂಡ. ನಿಮಗ ಹ್ಯಾಂಗ ಗೊತ್ತು?"

"ನನಗ ಎಲ್ಲಾ ಗೊತ್ತಾಗ್ತದ, ವೀಣಾ."

ಮುಗ್ಧಾ ನನ್ನ ಒಬ್ಬಳೇ ಗೆಳತಿ. ಅಣ್ಣನಿಲ್ಲದ ಕಾರಣ ಕಾಯಿದೆಯಿಂದ ಉಳಿದುಕೊಂಡವಳು. ಮಾಮಾ ಶಾಲೆಯ ಗೇಟಿನ ಎದುರು ಕಾಯುತ್ತಾ ನಿಲ್ಲುವುದನ್ನು ಅವಳೇ ಮೊದಲು ಗಮನಿಸಿದ್ದು. 'ತೋ ತುಝಾ ಮಾಮಾ ಆಹೆ ನಾ? ಮಗ ಅಸಾ ಕಾ ಬಘತೋ?' ಎಂದು ಕೇಳಿದಳು. ಮಾಮಾ ಆದವನು ಹೀಗೇಕೆ ನೋಡುತ್ತಾನೆ ಎಂಬುದು ಅವಳ ಪ್ರಶ್ನೆ. ಮನೆಯಲ್ಲಿ ಮಾತಾಗಿದೆ, ಮುಂದೆ ಅವನನ್ನೇ ಮದುವೆಯಾಗುವುದು ಎಂದು ಹೇಳಿದೆ. ಅವರಲ್ಲಿ ಆ ಪದ್ಧತಿಯಿಲ್ಲ, ಮೊದಲು ಚೇಷ್ಟೆ ಎಂದುಕೊಂಡು ನಕ್ಕಳು, ಆಮೇಲೆ ನನ್ನ ಮುಖ ನೋಡಿ ನಗು ನಿಲ್ಲಿಸಿದಳು. ಮುಂದಿನ ವಾರ ಮಾಮಾ ಅವ್ವನ ಕಿವಿಯಲ್ಲಿ, ಆ ಹುಡುಗಿ ಹುಡುಗರ ಚೀಟಿ ತಂದುಕೊಡುತ್ತಾಳೆ ಎಂದು ಊದಿದ. ಅದು ಶುದ್ಧ ಸುಳ್ಳು. ಮುಗ್ಧಾ ಮನೆಗೆ ಬಂದಾಗ ಅವ್ವ ಬಾಗಿಲಲ್ಲೇ ನಿಲ್ಲಿಸಿ, ವೀಣಾ ಮಲಗಿದ್ದಾಳೆ ಎಂದು ತನ್ನ ಹರಕು ಮರಾಠಿಯಲ್ಲಿ ಹೇಳಿ ಕಳಿಸಿದಳು. ನಾನು ಒಳಕೋಣೆಯಲ್ಲಿ ಎಚ್ಚರವಾಗಿಯೇ ಕೂತು ಅದನ್ನು ಕೇಳಿಸಿಕೊಂಡೆ.

ಆಮೇಲೆ ನಿಖಿಲನ ಪ್ರಕರಣ. ನಿಖಿಲ ಟ್ಯೂಷನ್ನಿನಲ್ಲಿ ನನ್ನ ಹಿಂದಿನ ಬೆಂಚಿನವನು, ದಪ್ಪ ಕನ್ನಡಕದ ಸಾಧು ಹುಡುಗ. ನನಗೆ ಜ್ವರ ಬಂದು ತಪ್ಪಿದ ಪಾಠದ ಚಿತ್ರಗಳನ್ನು ಬಿಡಿಸಿಕೊಳ್ಳಲೆಂದು ತನ್ನ ವಿಜ್ಞಾನದ ಜರ್ನಲ್ ಕೊಟ್ಟಿದ್ದ. ಅದನ್ನು ಸೈಕಲ್ ಸ್ಟ್ಯಾಂಡಿನಲ್ಲಿ ತಿರುಗಿ ಕೊಡುತ್ತಿದ್ದೆ, ಅಷ್ಟೇ. ಮಾಮಾ ಎಲ್ಲಿಂದ ಬಂದನೋ, ಹುಡುಗನ ಕಾಲರು ಹಿಡಿದು ಎರಡು ಬಾರಿಸಿದ. ಕನ್ನಡಕ ನೆಲಕ್ಕೆ ಬಿದ್ದು ಒಂದು ಗಾಜು ಒಡೆಯಿತು. ನಿಖಿಲ ಅಳಲೂ ಇಲ್ಲ. ಬಗ್ಗಿ ಕನ್ನಡಕ ಹುಡುಕಿಕೊಂಡು, ಜರ್ನಲನ್ನು ಅಲ್ಲೇ ಬಿಟ್ಟು ಹೋದ. ಮನೆಯಲ್ಲಿ ಊಟಕ್ಕೆ ಕೂತಾಗ ಮಾಮಾ ಇದನ್ನು ಹಿಗ್ಗಿಸಿ ಹೇಳಿದ, ಅಪ್ಪ ಶಾಬ್ಬಾಸ್ ಎಂದು ಬೆನ್ನು ತಟ್ಟಿದರು, ಅವ್ವ ಅವನ ಅನ್ನಕ್ಕೆ ಎರಡನೇ ಸಲ ತುಪ್ಪ ಬಡಿಸಿದಳು. ಆ ತುಪ್ಪದ ವಾಸನೆ ನನಗೆ ಇವತ್ತಿಗೂ ಆಗುವುದಿಲ್ಲ. ಮರುದಿನ ಅವ್ವ ರೊಟ್ಟಿ ಬಡಿಯುವಾಗ ಪಕ್ಕದಲ್ಲಿ ಕೂತು ಎಲ್ಲವನ್ನೂ ಹೇಳಿದೆ. ಫೋನು, ಮುಗ್ಧಾ, ಗೇಟು, ನನ್ನ ದಪ್ತರದ ಚೀಲ ತೆಗೆದು ಪುಸ್ತಕಗಳನ್ನು ಪುಟ ಪುಟ ನೋಡುವುದು, ಕಿಟಕಿಯ ಹತ್ತಿರ ತಲೆ ಬಾಚಿದರೆ ಯಾರಿಗಾಗಿ ಎಂದು ಕೇಳುವುದು, ಎಲ್ಲ. ಅವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ.

"ಅವಗ ನಿನ್ನ ಮ್ಯಾಲೆ ಜೀವ ಅದ, ಅದಕ್ಕ ಹಂಗ ಮಾಡ್ತಾನ. ನಿಮ್ಮಪ್ಪಗ ನಾ ಎಲ್ಲಿ ಹೋದ್ರೂ ಖಬರ ಇರಲಿಲ್ಲ, ಯಾವಾಗ ಬಂದ್ರೂ ಖಬರ ಇರಲಿಲ್ಲ. ಅದಕ್ಕಿಂತ ಇದು ಛಲೋ ಅಲ್ಲೇನು?"

ಅವ್ವನ ಮೇಲೆ ನನಗೆ ಬಂದ ಸಿಟ್ಟು ಬೇರೆ ಬಗೆಯದು. ತಾಯಿ ಸತ್ತ ತಮ್ಮನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು ಅವಳು. ಅವನನ್ನು ಬಿಟ್ಟುಕೊಡು ಎನ್ನುವುದು ಅವಳಿಗೆ ಒಬ್ಬ ಮಗನನ್ನು ಬಿಟ್ಟುಕೊಡು ಎಂದಂತೆ. ಅದು ನನಗೆ ಅರ್ಥವಾಗುತ್ತದೆ. ಅರ್ಥವಾದ ಮಾತ್ರಕ್ಕೆ ಕ್ಷಮಿಸಬೇಕೆಂದು ಯಾರೂ ನನಗೆ ಉಪದೇಶ ಮಾಡಬಾರದು. ಅವಳಿಗೆ ಮಗಳೂ ಇದ್ದಳು.

ಹತ್ತನೆಯ ಪರೀಕ್ಷೆಗೆ ಎರಡು ತಿಂಗಳಿರುವಾಗಿನ ಒಂದು ಭಾನುವಾರ. ಮಧ್ಯಾಹ್ನ ಮೂರು ಗಂಟೆ, ಹೊರಕೋಣೆಯಲ್ಲಿ ನಾವು ನಾಲ್ಕೂ ಜನ. ತೆರೆಯ ಮೇಲೆ ಹುಡುಗ ಮಿಠಾಯಿ ಪೊಟ್ಟಣ ಹಿಡಿದು ಹುಡುಗಿಯ ಮನೆ ಬಾಗಿಲಲ್ಲಿ ನಿಂತಿದ್ದ, ಅವಳ ತಾಯಿ ಕೈ ಮುಂದೆ ಮಾಡಿ ತೆಗೆದುಕೊಳ್ಳುತ್ತಿದ್ದಳು. ಅಪ್ಪ ಅಲ್ಲಿಗೆ ನಿಲ್ಲಿಸಿ ಬೆರಳು ಮಡಿಚತೊಡಗಿದರು.

"ಒಂದು, ಫೋನ್ ಮಾಡಿ ಸುಮ್ಮನಿರ್ತಾನ. ಎರಡು, ಅಕಿ ಗೆಳತ್ಯಾರನ್ನ ದೂರ ಮಾಡ್ತಾನ. ಮೂರು, ಅಕಿ ಕೂಡ ಮಾತಾಡಿದ ಹುಡುಗರನ್ನ ಹೊಡಿತಾನ. ನಾಕು, ಅಕಿ ಅವ್ವನ್ನ ಬುಟ್ಟ್ಯಾಗ ಹಾಕ್ಕೋತಾನ. ಇಷ್ಟು ಕಣ್ಣ ಮುಂದ ನಡದ್ರೂ ಆ ಅಪ್ಪಗ ತಿಳಿವಲ್ತು. ಎಂಥಾ ಕುರುಡ ಇರಬೇಕು ಅಂತೀನಿ!"

ನಾನು ಎದ್ದು ನಿಂತೆ.

"ಅಪ್ಪಾ, ಈ ಹುಡುಗ ನಮ್ಮ ಮನೀಗೂ ಬಂದಾನ."

ಅಪ್ಪ ರಿಮೋಟು ಎಸೆದು ಗ್ಯಾಲರಿಗೆ ಓಡಿದರು. ತಾವೇ ಹಾಕಿಸಿದ ಜಾಳಿಗೆ ಮುಖ ಒತ್ತಿ ಎದುರಿನ ಬಿಲ್ಡಿಂಗಿನ ಕಿಟಕಿಗಳನ್ನೆಲ್ಲ ನೋಡಿದರು.

"ಯಾಂವ? ಯಾವ ಬಿಲ್ಡಿಂಗು? ತೋರಸು!"

"ಅಲ್ಲೆಲ್ಲಿ ನೋಡ್ತೀರಿ? ಇಲ್ಲೇ ಕೂತಾನಲ್ಲ, ಶೇಂಗಾ ತಿನ್ಕೋತ."

ಅವರು ಮಡಿಚಿದ್ದ ಬೆರಳುಗಳನ್ನೇ ನಾನೂ ಒಂದೊಂದಾಗಿ ಮಡಿಚಿದೆ. ಫೋನು ಬಿಝಿ ಇದ್ದ ನಿಮಿಷಗಳನ್ನು ಅವನು ಒಪ್ಪಿಸಿದ್ದು, ಮುಗ್ಧಾ, ನಿಖಿಲ, ಎರಡನೇ ಸಲ ಬಡಿಸಿದ ತುಪ್ಪ. ಅಪ್ಪ ನನ್ನನ್ನು ನೋಡಿದರು, ಮಾಮಾನನ್ನು ನೋಡಿದರು. ಒಂದು ಕ್ಷಣ, ದೇವರಾಣೆ, ಅವರಿಗೆ ಕಾಣಿಸಿತು ಎಂದೇ ನಾನು ಅಂದುಕೊಂಡೆ. ಆಮೇಲೆ ಅವರು ಹೊಟ್ಟೆ ಹಿಡಿದುಕೊಂಡು ನಕ್ಕರು.

"ಏ ಹುಚ್ಚಿ! ಅಂವ ನಿನ್ನ ಲಗ್ನ ಮಾಡ್ಕೊಳ್ಳಾಂವ. ಅದು ಬ್ಯಾರೆ!"

ಮಾಮಾನೂ ನಕ್ಕ. ಅವ್ವ ಚಹಾ ಇಡಲು ಎದ್ದಳು. ಅಪ್ಪ ಬಂದು ಕೂತು ಸಿನಿಮಾ ಮುಂದುವರಿಸಿದರು. ತೆರೆಯ ಮೇಲಿನ ಅಪ್ಪ ಕೊನೆಗೂ ಮಗಳನ್ನು ಉಳಿಸಿದ, ನಮ್ಮಪ್ಪ ಕಣ್ಣು ಒರೆಸಿಕೊಂಡರು. ಅದು ಬೇರೆ ಎನ್ನುವ ಆ ಮಾತನ್ನು ನಾನು ಇಷ್ಟು ವರ್ಷ ಅಗಿದಿದ್ದೇನೆ. ಏನು ಬೇರೆ? ಅವರ ಸಿನಿಮಾಗಳಲ್ಲಿ ಹುಡುಗನ ತಪ್ಪು ಹುಡುಗಿಯನ್ನು ಹಿಂಸಿಸಿದ್ದಲ್ಲ, ಅಪ್ಪನನ್ನು ಕೇಳದೆ ಹಿಂಸಿಸಿದ್ದು. ಕೇಳಿ ಹಿಂಸಿಸಿದರೆ ಅವನು ಅಳಿಯ.

ಆ ವಾರ ಮಾಮಾ ಎರಡು ದಿನ ಊಟ ಬಿಟ್ಟ. ಅಕ್ಕನ ಮುಂದೆ ಕೂತು, ಮಾತು ಪಕ್ಕಾ ಆಗದಿದ್ದರೆ ಗೋದಾವರಿಯ ರಾಮಕುಂಡಕ್ಕೆ ಹಾರುತ್ತೇನೆ ಎಂದ. ಆ ದಿನಗಳಲ್ಲಿ ರಾಮಕುಂಡದ ನೀರು ಮೊಣಕಾಲಿಗೆ ಬರುತ್ತಿತ್ತು. ಹಾರಿದ್ದರೆ ಶ್ರಾದ್ಧಕ್ಕೆ ಬಂದ ಮಂದಿಯ ಮೇಲೆ ಬೀಳುತ್ತಿದ್ದ. ಆದರೆ ಅವ್ವ ಗೊಳೋ ಎಂದು ಅತ್ತಳು, ಅಪ್ಪ ಮೆತ್ತಗಾದರು. ಹನ್ನೆರಡನೆಯದು ಮುಗಿದ ಕೂಡಲೇ ಲಗ್ನ ಎಂದು ಊರಿಗೆ ಫೋನು ಹೋಯಿತು. ನನ್ನ ಪರೀಕ್ಷೆಯ ಬಗ್ಗೆ ಯಾರೂ ಕೇಳಲಿಲ್ಲ. ನಾನು ಸಿಟ್ಟಿಗೇ ಓದಿದೆ, ಸಿಟ್ಟಿಗೇ ಪಾಸಾದೆ.

ನನ್ನನ್ನು ಸ್ವಲ್ಪ ಉಳಿಸಿದ್ದು ಅಪ್ಪನಲ್ಲ, ಅಪ್ಪನ ಬ್ಯಾಂಕು. ಅವರಿಗೆ ಔರಂಗಾಬಾದಿಗೆ ವರ್ಗವಾಯಿತು. ಈಗ ಅದು ಛತ್ರಪತಿ ಸಂಭಾಜಿನಗರ. ಆಗ ನಮ್ಮ ಬಾಯಲ್ಲಿ ಔರಂಗಾಬಾದೇ. ಮಾಮಾ ಸಾತಪುರದ ನೌಕರಿ ಬಿಡಲಾರದೆ ನಾಸಿಕದಲ್ಲೇ ರೂಮು ಮಾಡಿ ಉಳಿದ. ಹೊಸ ಊರಿನಲ್ಲಿ ನೀರಿಗೆ ಪಡಿಪಾಟಲು, ಬಿಸಿಲು ಹೆಚ್ಚು, ಅವ್ವ ದಿನಾ ಗೊಣಗುತ್ತಿದ್ದಳು. ನನಗೆ ಮಾತ್ರ ಅಲ್ಲಿನ ಬಿಸಿಲೂ ಹಿತವಾಗಿತ್ತು. ಸೈಕಲ್ ಮೇಲೆ ಒಬ್ಬಳೇ ಜೂನಿಯರ್ ಕಾಲೇಜಿಗೆ ಹೋಗುತ್ತಿದ್ದೆ, ದಾರಿಯಲ್ಲಿ ಹಾಡು ಗುನುಗುತ್ತಿದ್ದೆ. ಆರು ತಿಂಗಳು ಹಾಗೆ ನಡೆಯಿತು. ಆಮೇಲೆ ಒಂದು ದಿನ ಅಪ್ಪ ಅಡುಗೆಮನೆಗೆ ಬಂದು ತಗ್ಗಿದ ದನಿಯಲ್ಲಿ, ಎದುರಿನ ಚಹಾ ಗಾಡಿಯ ಹತ್ತಿರ ಮೂರು ದಿನದಿಂದ ಒಬ್ಬ ಹುಡುಗ ಬೈಕಿನ ಮೇಲೆ ಕೂತು ನಮ್ಮ ಮನೆಯನ್ನೇ ನೋಡುತ್ತಿದ್ದಾನೆ, ಕಪ್ಪು ಹೆಲ್ಮೆಟ್ಟನ್ನು ತಲೆಯಿಂದ ತೆಗೆಯುವುದೇ ಇಲ್ಲ ಎಂದರು. ಅವರ ಮುಖದಲ್ಲಿ ಹೆದರಿಕೆಗಿಂತ ಉತ್ಸಾಹವೇ ಹೆಚ್ಚಾಗಿತ್ತು. ಇಷ್ಟು ವರ್ಷ ಕಾದ ಹುಡುಗ ಕೊನೆಗೂ ಬಂದಿದ್ದ.

ಸಂಜೆ ಐದಕ್ಕೆ ಅಪ್ಪ ಕೆಳಮನೆಯ ಇಬ್ಬರು ಗಂಡಸರನ್ನು ಕರೆದುಕೊಂಡು, ಬಟ್ಟೆ ಒಣಹಾಕುವ ಬಿದಿರುಕೋಲು ಹಿಡಿದು ಇಳಿದರು. ನಾನೂ ಅವ್ವನೂ ಗ್ಯಾಲರಿಯಲ್ಲಿ ನಿಂತಿದ್ದೆವು. ಒಬ್ಬ ಬೈಕಿನ ಕೀಲಿ ಕಸಿದುಕೊಂಡ, ಇನ್ನೊಬ್ಬ ರಟ್ಟೆ ಹಿಡಿದ. ಅಪ್ಪ ಕೋಲು ಎತ್ತಿ, ಬೀದಿಗೆಲ್ಲ ಕೇಳುವಂತೆ, 'ಕಾಢ್ ಹೆಲ್ಮೆಟ್!' ಎಂದು ಕೂಗಿದರು. ಯಾರೋ ಕೈಹಾಕಿ ಹೆಲ್ಮೆಟ್ಟು ಕಿತ್ತರು. ಗಿರೀಶ ಮಾಮಾ. ಗುರುತು ಸಿಗಬಾರದೆಂದು ಯಾರದೋ ಬೈಕು ತಂದಿದ್ದ. ಅಪ್ಪನ ಕೋಲು ಮೇಲೆಯೇ ನಿಂತಿತು. ಪರಿಚಯದವನೇ ಎಂದು ಕೆಳಮನೆಯವರು ಕೇಳಿದ್ದು, ಅಪ್ಪ ಕೊಟ್ಟ ಉತ್ತರ, ಎರಡೂ ನನಗೆ ಮೇಲಿನವರೆಗೆ ಕೇಳಿಸಿದವು.

"ಹೋ... ಘರಚಾಚ್ ಮುಲಗಾ ಆಹೆ."

ಮನೆಯ ಹುಡುಗನೇ ಎಂದರು. ಕೋಲನ್ನು ಬೆನ್ನ ಹಿಂದೆ ಹಿಡಿದು, ಚೇಷ್ಟೆ ಮಾಡಿದ್ದಾನೆ ಎಂದು ಸುಳ್ಳುನಗೆ ನಕ್ಕು, ಅವನನ್ನು ಮೇಲೆ ಕರೆತಂದರು. ಅವ್ವ ಚಹಾ ಕೊಟ್ಟಳು. ಅವನು ಖಾರಿ ಬಿಸ್ಕೀಟು ಅದ್ದಿ ಅದ್ದಿ ತಿಂದ. ಯಾಕೆ ಬಂದಿದ್ದೆ ಎಂದು ಒಬ್ಬರೂ ಕೇಳಲಿಲ್ಲ. ಕೇಳಿದರೆ ಅವನು ಉತ್ತರ ಹೇಳಿಬಿಟ್ಟಾನು ಎಂಬ ಭಯ. ಅಂದಿನಿಂದ ಅಪ್ಪ ನನ್ನ ಕಣ್ಣಿಗೆ ಕಣ್ಣು ಕೊಡಲಿಲ್ಲ. ವಾರದೊಳಗೆ ಅವ್ವನ ಹತ್ತಿರ ಹೇಳುತ್ತಿದ್ದುದು ಒಳಕೋಣೆಗೆ ಕೇಳಿಸಿತು.

"ಮಂದಿ ನೋಡ್ಯಾರ. ನಾಳೆ ಹುಡುಗೀ ಹೆಸರು ಕೆಡ್ತದ. ಈ ಸಂಬಂಧ ಬ್ಯಾಡ. ಅವಗ ಊರ ಕಡೆ ಒಂದು ಹೆಣ್ಣು ನೋಡೂಣು. ಲಗ್ನ ಆದ್ರ ಸುಧಾರಸ್ತಾನ."

ನನ್ನನ್ನು ಹಿಂಸಿಸಿದ ಎಂದಲ್ಲ, ಮಂದಿ ನೋಡಿದರು ಎಂದು. ಆದರೂ ನಾನು ದಿಂಬಿನಲ್ಲಿ ಮುಖ ಹುದುಗಿಸಿ ಸಂತೋಷದಿಂದ ಅತ್ತೆ. ಅಪ್ಪ ನಾಸಿಕಕ್ಕೆ ಹೋಗಿ ಎರಡು ದಿನ ಇದ್ದು ಅವನನ್ನು ಹೇಗೆ ಒಪ್ಪಿಸಿದರೋ, ನನಗೆ ತಿಳಿಯದು. ಹೆಣ್ಣು ಗೊತ್ತಾಯಿತು. ಆಕೆ ಈಗ ನನ್ನ ಮಾಮಿ. ಆಕೆಯ ಜೊತೆ ಮಾತಾಡಬೇಕೆಂದರೆ ಇವತ್ತಿಗೂ ಮಾಮಾನ ಫೋನಿಗೇ ಮಾಡಬೇಕು. ಆಕೆಗೆ ಫೋನಿಲ್ಲ, ಮಾತಾಡುವಾಗ ಅವನು ಸ್ಪೀಕರ್ ಹಾಕಿರುತ್ತಾನೆ. ಇದನ್ನೆಲ್ಲ ಅಪ್ಪನ ತಲೆಗೆ ಕಟ್ಟಿ ಈ ಅಧ್ಯಾಯವನ್ನು ಮುಗಿಸಬಹುದಿತ್ತು. ಮುಗಿಸಲು ಎರಡು ಸಲ ನೋಡಿದೆ, ಆಗಲಿಲ್ಲ.

ಮಾತು ಪಕ್ಕಾ ಮಾಡುವ ಮೊದಲು ಹುಡುಗಿಯ ಅಪ್ಪ ನಮ್ಮ ಮನೆಗೆ ಬಂದಿದ್ದರು. ರೋಣದ ಕಡೆಯ ಪ್ರಾಥಮಿಕ ಶಾಲೆಯ ಮಾಸ್ತರು, ಬಿಳಿ ಅಂಗಿ, ಕೈಯಲ್ಲಿ ಬಟ್ಟೆಯ ಚೀಲ. ಹುಡುಗನಿಗೆ ತಾಯಿಯ ಸ್ಥಾನದಲ್ಲಿ ಅಕ್ಕ ಇದ್ದಾಳೆಂದು ಅಷ್ಟು ದೂರ ವಿಚಾರಿಸಲು ಬಂದವರು. ಅಪ್ಪ ಅವರಿಗೆ, ಹುಡುಗ ಬಂಗಾರ, ಕೆಟ್ಟ ಚಟ ಒಂದೂ ಇಲ್ಲ, ಮನೆಯ ಹೆಣ್ಣುಮಕ್ಕಳನ್ನು ಕಣ್ಣಿನ ರೆಪ್ಪೆಯಂತೆ ಕಾಯುತ್ತಾನೆ ಎಂದರು. ಮಾಸ್ತರು ತಲೆಯಾಡಿಸುತ್ತಾ ಕೇಳಿಸಿಕೊಂಡರು. ಆಮೇಲೆ ಕೈ ತೊಳೆಯುವ ನೆವದಲ್ಲಿ ಗ್ಯಾಲರಿಗೆ ಬಂದರು. ನಾನು ಒಣಗಿದ ಬಟ್ಟೆ ತೆಗೆಯುತ್ತಿದ್ದೆ.

"ಹಿರ್ಯಾರು ಹಿರ್ಯಾರಂಗ ಮಾತಾಡ್ತಾರವಾ. ನಾ ಮಾಸ್ತರ ಇದ್ದೀನಿ, ಹುಡುಗ್ರು ಖರೆ ಹೇಳ್ತಾರಂತ ನನಗ ಗೊತ್ತು. ಭಾಳ ವರ್ಷ ನಿಮ್ಮ ಮನ್ಯಾಗ ಇದ್ದಾನಂತಲ್ಲ, ಹ್ಯಾಂಗ ಅದಾನವಾ? ನನಗ ಅಕಿ ಒಬ್ಬಾಕೇ ಮಗಳು. ನೀ ಏನ ಹೇಳ್ತಿ, ಅದನ್ನ ನಂಬ್ತೀನಿ ನಾ."

ಆ ನಾಲ್ಕು ವರ್ಷದಲ್ಲಿ ನನ್ನನ್ನು ಕೇಳಿದ ಮೊದಲ ದೊಡ್ಡ ಮನುಷ್ಯ. ನಂಬುತ್ತೇನೆ ಎಂದು ಮೊದಲೇ ಹೇಳಿ ಕೇಳಿದವರು. ಎಲ್ಲವೂ ನನ್ನ ನಾಲಿಗೆಯ ತುದಿಯಲ್ಲಿತ್ತು. ಹೇಳಿದರೆ ಅವರು ಚೀಲ ಎತ್ತಿಕೊಂಡು ಹೋಗುತ್ತಾರೆಂದೂ ಗೊತ್ತಿತ್ತು, ಅವರು ಹೋದರೆ ಮಾಮಾ ಮತ್ತೆ ನನ್ನ ಪಾಲಿಗೇ ಉಳಿಯುತ್ತಾನೆಂದೂ ಗೊತ್ತಿತ್ತು. ಕೈಯಲ್ಲಿದ್ದ ಟವೆಲು ಮಡಿಚಿದೆ.

"ಛಲೋ ಅದಾರ್ರಿ. ಮನೀ ಮಂದೀನ್ನ ಭಾಳ ಹಚ್ಕೋತಾರ."

ಮಾಸ್ತರು ನನ್ನ ತಲೆಯ ಮೇಲೆ ಒದ್ದೆ ಕೈ ಇಟ್ಟು, 'ಸಾಕವಾ, ಇನ್ನ ಚಿಂತಿಲ್ಲ' ಎಂದು ಒಳಗೆ ಹೋದರು. ಅಲ್ಲಿ ಅವರು ತಮ್ಮ ಒಪ್ಪಿಗೆ ಹೇಳಿದ್ದು ಕೇಳಿಸಿತು. ಸಕ್ಕರೆ ಹಂಚಲು ಅವ್ವ ನನ್ನನ್ನು ಕೂಗಿದಳು. ಅಡುಗೆಮನೆಯಿಂದ ಸಕ್ಕರೆ ಡಬ್ಬಿ ತಂದು, ಮೊದಲು ಅವರ ಅಂಗೈಗೆ ನಾನೇ ಹಾಕಿದೆ.